ಚೌಕಿ ಕಾಣದ ಆಟ

ಕೇಳುಗರಿಗೆ ನಮಸ್ಕಾರ.

ಯಕ್ಷಗಾನ ಮುಗಿದ ಮೇಲೆ ಎಂದಾದರೂ ಚೌಕಿಗೆ, ಅಂದರೆ ಕಲಾವಿದರು ಬಣ್ಣ ಹಚ್ಚಿ ವೇಷ ಕಟ್ಟುವ ಜಾಗಕ್ಕೆ, ಹೋಗಿದ್ದೀರಾ? ರಂಗಸ್ಥಳದಲ್ಲಿ ಆಗಷ್ಟೇ ಅಬ್ಬರಿಸಿದ ರಾವಣ ಅಲ್ಲಿ ಕಿರೀಟ ಬಿಚ್ಚಿಟ್ಟು, ಅರ್ಧ ಬಣ್ಣ ಒರೆಸಿಕೊಂಡು ಚಹಾ ಕುಡಿಯುತ್ತಿರುತ್ತಾನೆ. ಇವತ್ತು ನಾನು ಹೇಳಹೊರಟ ಊರಿನಲ್ಲಿ ಹೊರಗಿನವರಿಗೆ ಚೌಕಿಯೇ ಕಾಣಿಸುವುದಿಲ್ಲ. ಅದು ಉತ್ತರ ಕೊರಿಯಾದ ರಾಜಧಾನಿ ಪ್ಯೊಂಗ್ಯಾಂಗ್.

ಅಲ್ಲಿ ಟೇಡಾಂಗ್ ನದಿಯ ದಂಡೆಗೆ ಕಿಮ್ ಇಲ್ ಸುಂಗ್ ಚೌಕವಿದೆ. ಮೆರವಣಿಗೆಯ ದಿನ ಸಾವಿರಾರು ಜನ ಗೆರೆ ಕೊರೆದ ಹಾಗೆ ನಿಂತಿರುತ್ತಾರೆ. ಜನರಿಲ್ಲದ ದಿನದ ಚಿತ್ರ ನೋಡಿದರೆ ಗುಟ್ಟು ತಿಳಿಯುತ್ತದೆ: ನೆಲದ ತುಂಬ ಗುರುತುಗಳು. ಯಾರು ಎಲ್ಲಿ ನಿಲ್ಲಬೇಕೆಂದು ಮೊದಲೇ ಬರೆದಿಟ್ಟಿದ್ದಾರೆ. ನಮ್ಮ ಅಂಗಳದಲ್ಲಿ ಮೊದಲು ಚುಕ್ಕಿ ಇಟ್ಟು ಆಮೇಲೆ ಎಳೆ ಎಳೆಯುತ್ತಾರಲ್ಲ, ಹಾಗೆಯೇ. ರಂಗೋಲಿ ಮಾತ್ರ ಮನುಷ್ಯರದು.

ಈ ಊರಲ್ಲಿ ನೆಲೆಸಲು ಸರ್ಕಾರದ ಅಪ್ಪಣೆ ಬೇಕು. ಮೆಟ್ರೋ ಇದೆ, 1973ರಿಂದ. ವಿದೇಶಿಯರಿಗೆ ಬಹುಕಾಲ ಎರಡೇ ನಿಲ್ದಾಣ ತೋರಿಸುತ್ತಿದ್ದರು. ಹಾಗಾಗಿ, ಮೆಟ್ರೋ ಬರೀ ನಾಟಕ, ಪ್ರಯಾಣಿಕರೆಲ್ಲ ವೇಷಧಾರಿಗಳು ಎಂಬ ಗಾಳಿಮಾತೇ ಹುಟ್ಟಿತು. ಪಾಪ, ಕೆಲಸಕ್ಕೆ ಹೊರಟವನನ್ನೂ ಯಾರೂ ನಂಬಲಿಲ್ಲ!

ನದಿಯ ನಡುಗಡ್ಡೆಯಲ್ಲಿ 1989ರಲ್ಲಿ ತೆರೆದ ಮೇ ಡೇ ಕ್ರೀಡಾಂಗಣವಿದೆ. ಅಲ್ಲಿ 2002ರಲ್ಲಿ ‘ಅರಿರಾಂಗ್’ ಎಂಬ ಸಾಮೂಹಿಕ ಕವಾಯತು ಶುರುವಾಯಿತು. 2007ರಲ್ಲಿ ಭಾಗವಹಿಸಿದವರು 1,00,090 ಮಂದಿ, ಗಿನ್ನೆಸ್ ದಾಖಲೆಯದು. ಅಂಗಳದಲ್ಲಿ ಕುಣಿತ, ಹಿಂದಿನ ಮೆಟ್ಟಿಲುಗಳ ಮೇಲೆ ಸಾವಿರಾರು ಶಾಲಾ ಮಕ್ಕಳು. ಪ್ರತಿ ಮಗುವಿನ ಕೈಯಲ್ಲಿ ಬಣ್ಣದ ಹಾಳೆಗಳ ದೊಡ್ಡ ಪುಸ್ತಕ. ಸನ್ನೆ ಬಂದ ಕೂಡಲೇ ಎಲ್ಲರೂ ಒಟ್ಟಿಗೆ ಹಾಳೆ ತಿರುವುತ್ತಾರೆ. ಎದುರು ಕೂತವರಿಗೆ ಉದಯಿಸುವ ಸೂರ್ಯ ಕಾಣುತ್ತಾನೆ, ಹುಡುಗನಿಗೆ ಕಾಣುವುದು ಹಾಳೆಯ ಬೆನ್ನು.

ನೋಡುವವರು ಎಷ್ಟೇ ಇರಲಿ, ಮೆಚ್ಚಬೇಕಾದವನು ಒಬ್ಬನೇ. 2019ರ ಪ್ರದರ್ಶನ ನೋಡಿದ ಕಿಮ್ ಜಾಂಗ್ ಉನ್ ಅದನ್ನು ರೂಪಿಸಿದವರ ಬೇಜವಾಬ್ದಾರಿಯನ್ನು ಟೀಕಿಸಿದನೆಂದು ಅಲ್ಲಿನ ಸರ್ಕಾರಿ ಸುದ್ದಿಸಂಸ್ಥೆಯೇ ವರದಿ ಮಾಡಿತು.

ಇನ್ನು ಚೌಕಿಯ ಸುದ್ದಿ. ಅದು ಹೊರಬಿದ್ದದ್ದು ದೇಶ ಬಿಟ್ಟು ಓಡಿಬಂದವರ ಬಾಯಿಂದ. 2014ರ ವಿಶ್ವಸಂಸ್ಥೆಯ ತನಿಖಾ ಆಯೋಗದ ವರದಿಯಲ್ಲಿ ತಿಂಗಳುಗಟ್ಟಲೆ ನಡೆಯುವ ತಾಲೀಮಿನ ವಿವರಗಳಿವೆ. ಏಳೆಂಟು ವರ್ಷದ ಒಬ್ಬ ಹುಡುಗನ ಕಥೆಯೂ ಬರುತ್ತದೆ. ಅಪೆಂಡಿಸೈಟಿಸ್ ನೋವನ್ನು ಹಲ್ಲುಕಚ್ಚಿ ತಡೆದುಕೊಂಡು ಅವನು ತಾಲೀಮು ಮುಂದುವರಿಸಿದ. ಚಿಕಿತ್ಸೆ ಸಿಗದೆ ಸತ್ತ. ನಾಯಕನ ಮುಂದೆ ನಡೆಯಬೇಕಿದ್ದ ಪ್ರದರ್ಶನಕ್ಕಾಗಿ ಪ್ರಾಣ ಕೊಟ್ಟ ವೀರ ಎಂದು ಆಮೇಲೆ ಅವನನ್ನು ಕೊಂಡಾಡಿದರಂತೆ.

ನಮಸ್ಕಾರ.