ಗೊಂಬೆ ಮುಂದೆ, ಕಥೆ ಹಿಂದೆ

ಕೇಳುಗರಿಗೆಲ್ಲ ನಮಸ್ಕಾರ. ರೇಡಿಯೋ ಹಾಕಿಕೊಂಡು ಕೈಕೆಲಸ ಮಾಡುತ್ತಿರುವವರಿಗೆ ಒಂದು ನಮಸ್ಕಾರ. ಮೊಮ್ಮಕ್ಕಳ ಹಟಕ್ಕೆ ಆಟಿಕೆ ಅಂಗಡಿ ಸುತ್ತಿ ಸುಸ್ತಾದ ಅಜ್ಜ ಅಜ್ಜಿಯರಿಗೆ ಇನ್ನೊಂದು ಜಾಸ್ತಿ. ನಾನೂ ನಿಮ್ಮ ಪೈಕಿಯೇ.

ನನ್ನನ್ನು ಇಲ್ಲಿಗೆ ಕರೆಯಲು ಎರಡು ಕಾರಣ. ಒಂದು, ಹುಡುಗನಾಗಿದ್ದಾಗ ಇಂದ್ರಜಾಲ ಕಾಮಿಕ್ಸ್‌ನ ಫ್ಯಾಂಟಮ್ ಓದಿ ಹಿಡಿದ ಹುಚ್ಚು ಇನ್ನೂ ಬಿಟ್ಟಿಲ್ಲ. ಎರಡು, ನಾನು ಬಂದರಿನಲ್ಲಿ ಕೆಲಸ ಮಾಡಿದವನು. ಹಡಗಿನಲ್ಲಿ ಬಂದ ಮಾಲಿಗೆ ಸುಂಕದ ಕಾಗದ ಬರೆಯುವ ಕೆಲಸ. ಈ ಎರಡೂ ಸೇರುವ ಒಂದು ಕಥೆ ನನ್ನ ಹತ್ತಿರ ಇದೆ. ಅದನ್ನು ಹೇಳದೆ ಇವತ್ತು ಏಳುವುದಿಲ್ಲ ಅಂತ ಈ ರೇಡಿಯೋದವರಿಗೆ ಮೊದಲೇ ಹೇಳಿದ್ದೇನೆ.

ಈಗ ವಿಷಯ. ಸ್ಪೈಡರ್‌ಮ್ಯಾನ್, ಬ್ಯಾಟ್‌ಮ್ಯಾನ್, ಐರನ್ ಮ್ಯಾನ್. ಇವರೆಲ್ಲ ಅಮೆರಿಕದ ಕಾಮಿಕ್ ಪುಸ್ತಕದಿಂದ ಬಂದವರು. ಮೊದಲು ಪುಸ್ತಕ. ಪುಸ್ತಕ ಓಡಿದರೆ ಸಿನಿಮಾ. ಸಿನಿಮಾ ಓಡಿದರೆ ಗೊಂಬೆ. ಹೀಗೇ ಅಂದುಕೊಂಡಿದ್ದೀರಿ ಅಲ್ವಾ? ಅದನ್ನು ಉಲ್ಟಾ ಮಾಡಿಕೊಳ್ಳಿ. ಗೊಂಬೆ ಮುಂದೆ, ಕಥೆ ಹಿಂದೆ. ಇವತ್ತು ಇನ್ನೇನು ಮರೆತರೂ ಪರವಾಗಿಲ್ಲ, ಇದೊಂದು ನೆನಪಿಟ್ಟುಕೊಳ್ಳಿ.

ಮೊದಲಿಂದ ಹೀಗಿರಲಿಲ್ಲ. 1938ರಲ್ಲಿ ಸೂಪರ್‌ಮ್ಯಾನ್ ಬಂದ. ಕ್ಲೀವ್‌ಲ್ಯಾಂಡ್ ಊರಿನ ಇಬ್ಬರು ಹುಡುಗರು, ಜೆರ್ರಿ ಸೀಗಲ್ ಕಥೆ ಬರೆದ, ಜೋ ಶುಸ್ಟರ್ ಚಿತ್ರ ಬಿಡಿಸಿದ. ಎಲ್ಲ ಹಕ್ಕನ್ನೂ ಬರೀ 130 ಡಾಲರಿಗೆ ಬರೆದುಕೊಟ್ಟರು, ಪಾಪ. ಎರಡು ವರ್ಷಕ್ಕೆ ಅವನ ಮರದ ಗೊಂಬೆ ಬಂತು, ರೇಡಿಯೋ ನಾಟಕವೂ ಬಂತು. ಸೂಪರ್‌ಮ್ಯಾನನ ಶಕ್ತಿ ಇಳಿಸುವ ಕ್ರಿಪ್ಟೋನೈಟ್ ಕಲ್ಲು ಇದೆಯಲ್ಲ, ಅದು ಮೊದಲು ಬಂದಿದ್ದು ಪುಸ್ತಕದಲ್ಲಿ ಅಲ್ಲ. 1943ರಲ್ಲಿ, ರೇಡಿಯೋದಲ್ಲಿ! ಮೈಕಿನ ಮುಂದೆ ಕೂತು ಇದನ್ನು ಹೇಳದಿದ್ದರೆ ನನಗೆ ಪಾಪ ಬರುತ್ತೆ.

ಇರಲಿ, 1984ಕ್ಕೆ ಬನ್ನಿ. ಬ್ಯಾಟ್‌ಮ್ಯಾನ್, ಸೂಪರ್‌ಮ್ಯಾನ್ ಗೊಂಬೆ ಮಾಡುವ ಹಕ್ಕು ಕೆನ್ನರ್ ಅನ್ನುವ ಕಂಪನಿಗೆ ಹೋಗಿತ್ತು. ಇನ್ನೊಂದು ಗೊಂಬೆ ಕಂಪನಿ ಮ್ಯಾಟೆಲ್‌ನವರಿಗೆ ಹೊಟ್ಟೆಯಲ್ಲಿ ಸಂಕಟ. ನೇರವಾಗಿ ಸ್ಪೈಡರ್‌ಮ್ಯಾನ್ ಪುಸ್ತಕ ತರುವ ಮಾರ್ವೆಲ್ ಕಂಪನಿ ಬಾಗಿಲಿಗೆ ಹೋದರು. ಗೊಂಬೆ ನಾವು ಮಾಡುತ್ತೇವೆ, ಆದರೆ ಜೊತೆಗೊಂದು ದೊಡ್ಡ ಕಥೆ ಬೇಕು ಅಂದರು. ಕಥೆಗೆ ಹೆಸರು? ಮಕ್ಕಳನ್ನು ಕೂರಿಸಿ ಯಾವ ಪದಕ್ಕೆ ಕಿವಿ ನಿಮಿರುತ್ತೆ ಅಂತ ನೋಡಿದರು. ಒಂದು 'ಸೀಕ್ರೆಟ್', ಇನ್ನೊಂದು 'ವಾರ್ಸ್'. ಎರಡನ್ನೂ ಜೋಡಿಸಿದರು, 'ಸೀಕ್ರೆಟ್ ವಾರ್ಸ್' ಆಯಿತು. ಜಿಮ್ ಶೂಟರ್ ಅನ್ನುವ ಸಂಪಾದಕರು ಕೂತು 12 ಸಂಚಿಕೆ ಬರೆದರು. ಖಳನಾಯಕ ಡಾಕ್ಟರ್ ಡೂಮ್‌ನ ಕವಚ ಹಳೇ ಕಾಲದ್ದಾಯಿತು, ಹೊಸದು ಮಾಡಿ ಅಂತ ಹೇಳಿದ್ದೂ ಗೊಂಬೆಯವರೇ. ಕಥೆಯಲ್ಲಿ ಕೋಟೆ ಬೇಕು, ಗಾಡಿ ಬೇಕು. ಯಾಕೆ? ಕೋಟೆ, ಗಾಡಿ ಮಾರಬಹುದಲ್ಲ!

ಆ ಸಾಲಿನ ಒಂದು ವೊಲ್ವರೀನ್ ಗೊಂಬೆ ನನ್ನ ಹತ್ತಿರ ಇದೆ. ಇವತ್ತು ಜೇಬಲ್ಲೇ ತಂದಿದ್ದೇನೆ. ಮೇಜಿನ ಮೇಲೆ ಕುಟ್ಟುತ್ತೇನೆ, ಕೇಳಿ. ಟಕ್, ಟಕ್. ಗೇಣುದ್ದವೂ ಇಲ್ಲ. ಕೈಯಲ್ಲೊಂದು ಗುರಾಣಿ. ಅದರೊಳಗೊಂದು ಚಿತ್ರ, ಓರೆ ಮಾಡಿದರೆ ಇನ್ನೊಂದು ಚಿತ್ರ. ವೊಲ್ವರೀನ್‌ಗೆ ಗುರಾಣಿ ಯಾಕ್ರೀ? ಮೈಯೊಳಗಿನಿಂದಲೇ ಕತ್ತಿಯಂಥ ಉಗುರು ಬರುವವನು ಅವನು. ಗೊಂಬೆಗೆ ಆ ಉಗುರನ್ನು ಕೈಗೆ ಸಿಕ್ಕಿಸಬೇಕು. ಎಡಗೈದು ಒಂದು ಭಾನುವಾರ ಕಸದ ಜೊತೆ ಹೋಯಿತು. ಬಲಗೈದು ಇದೆ. ಈ ಉಗುರನ್ನು ಮನಸ್ಸಿನಲ್ಲಿಟ್ಟುಕೊಳ್ಳಿ, ಈಗ ನನ್ನ ಕಥೆ.

ಸುಂಕದ ಪುಸ್ತಕ ನೀವು ನೋಡಿರುವುದಿಲ್ಲ. ನೋಡಬೇಡಿ ಕೂಡ. ಪ್ರಪಂಚದಲ್ಲಿರುವ ಪ್ರತಿಯೊಂದು ವಸ್ತುವಿಗೂ ಅದರಲ್ಲೊಂದು ಬಾಬ್ತು ಇದೆ. ಮಾಲು ಒಂದೇ ಆದರೂ ಯಾವ ಬಾಬ್ತಿಗೆ ಹಾಕುತ್ತೀರಿ ಅನ್ನುವುದರ ಮೇಲೆ ಸುಂಕ. ನಮ್ಮ ಇಡೀ ಕೆಲಸ ಆ ಜಗಳವೇ. 1990ರ ದಶಕದ ಅಮೆರಿಕದ ಪುಸ್ತಕದಲ್ಲಿ ಎರಡು ಬಾಬ್ತು ಪಕ್ಕಪಕ್ಕ ಇದ್ದವು. ಒಂದು, ಗೊಂಬೆ. ಗೊಂಬೆ ಅಂದರೆ ಮನುಷ್ಯರನ್ನು ಹೋಲುವಂಥದ್ದು ಮಾತ್ರ. ಅದಕ್ಕೆ ಶೇಕಡಾ 12 ಸುಂಕ. ಇನ್ನೊಂದು, ಆಟಿಕೆ. ಪ್ರಾಣಿ, ಭೂತ, ರೋಬೋಟ್, ಒಟ್ಟಿನಲ್ಲಿ ಮನುಷ್ಯ ಅಲ್ಲದ್ದು. ಅದಕ್ಕೆ ಶೇಕಡಾ 6.8. ನೂರು ರೂಪಾಯಿ ಮಾಲಿಗೆ ಐದು ರೂಪಾಯಿ ಇಪ್ಪತ್ತು ಪೈಸೆ ವ್ಯತ್ಯಾಸ. ಕಂಟೇನರ್ ಲೆಕ್ಕದಲ್ಲಿ ಗುಣಿಸಿ ನೋಡಿ.

ಮಾರ್ವೆಲ್ ಪಾತ್ರಗಳ ಗೊಂಬೆ ತರಿಸುತ್ತಿದ್ದ ಟಾಯ್ ಬಿಜ್ ಕಂಪನಿಗೆ ಕಸ್ಟಮ್ಸ್‌ನವರು 12ರ ಬಿಲ್ ಕೊಟ್ಟರು. ಕಂಪನಿಯ ಪರ ಇಬ್ಬರು ಮಹಿಳಾ ವಕೀಲರು ಪುಸ್ತಕ ತಿರುವಿ ಹಾಕಿದರು. ಸಿಕ್ಕಿತು! ಇವರು ಮನುಷ್ಯರೇ ಅಲ್ಲ ಅಂತ ವಾದಿಸಿದರೆ ಮುಗಿಯಿತಲ್ಲ? ಹೋದರು ಕೋರ್ಟಿಗೆ.

ಸ್ವಲ್ಪ ನಿಲ್ಲಿ. ಎಕ್ಸ್-ಮೆನ್ ಕಥೆ ಗೊತ್ತಿಲ್ಲದವರಿಗೆ ಇದರ ಮಜಾ ಸಿಗುವುದಿಲ್ಲ. ಮಾರ್ವೆಲ್‌ನ ಸ್ಟ್ಯಾನ್ ಲೀ ಮತ್ತು ಜಾಕ್ ಕರ್ಬಿ ಸೇರಿ 1963ರಲ್ಲಿ ಹುಟ್ಟಿಸಿದ ಗುಂಪು ಅದು. ನಮ್ಮ ವೊಲ್ವರೀನ್ ಕೂಡ ಆಮೇಲೆ ಸೇರಿದ್ದು ಇದೇ ಗುಂಪಿಗೆ. ಹುಟ್ಟಿನಿಂದಲೇ ವಿಚಿತ್ರ ಶಕ್ತಿ ಇರುವವರು. ಊರವರು ಅವರನ್ನು ಕಂಡರೆ ಹೆದರುತ್ತಾರೆ, ಕಲ್ಲು ಹೊಡೆಯುತ್ತಾರೆ. ಅವರದು ಒಂದೇ ಗೋಳು: ನಾವೂ ಮನುಷ್ಯರೇ. ಸಂಚಿಕೆ ಮೇಲೆ ಸಂಚಿಕೆ, ನಾವೂ ಮನುಷ್ಯರೇ, ನಾವೂ ಮನುಷ್ಯರೇ. ಈಗ ಅವರ ಗೊಂಬೆ ಮಾರುವ ಕಂಪನಿಯೇ ಕೋರ್ಟಿನಲ್ಲಿ ನಿಂತು ಹೇಳುತ್ತಿದೆ: ಸ್ವಾಮಿ, ಇವರು ಮನುಷ್ಯರಲ್ಲ!

ಇನ್ನು ಅವರ ಪರ ನಿಂತವರು ಯಾರು? ಸುಂಕದವರು! ಸುಂಕದವನ ಹತ್ತಿರ ಸುಖ ದುಃಖ ಹೇಳಬೇಡ ಅಂತಾರೆ. ಇಲ್ಲಿ ಸುಂಕದವರೇ ಎದ್ದು ನಿಂತು, ಇವರಿಗೂ ಒಂದೊಂದು ಸ್ವಭಾವ ಇದೆ, ವೊಲ್ವರೀನ್ ಅಂದರೆ ಕೃತಕ ಕೈ ಹಾಕಿಕೊಂಡ ಒಬ್ಬ ಮನುಷ್ಯ ಅಷ್ಟೇ ಅಂತ ವಾದಿಸಿದರು. ನನ್ನ ಇಡೀ ಸರ್ವೀಸಿನಲ್ಲಿ ಸುಂಕದವರ ಬಾಯಿಂದ ಇಷ್ಟು ಕರುಣೆಯ ಮಾತು ಕೇಳಿರಲಿಲ್ಲ.

ಜೂಡಿತ್ ಬಾರ್ಜಿಲೇ ಅನ್ನುವ ನ್ಯಾಯಾಧೀಶೆ. ಅವರ ಮುಂದೆ ಅರವತ್ತಕ್ಕೂ ಹೆಚ್ಚು ಗೊಂಬೆ. ದಸರಾ ಗೊಂಬೆ ಕೂರಿಸಿದ ಹಾಗೆ ಅಂದುಕೊಳ್ಳಿ. ಒಂದೊಂದನ್ನೂ ಪರೀಕ್ಷೆ ಮಾಡಿದರು. ವೊಲ್ವರೀನ್? ಚರ್ಮದ ಕೆಳಗಿನಿಂದ ಬರುವ ಉದ್ದ ಉಗುರು, ತೋಳದಂಥ ಕೂದಲು, ತೋಳದಂಥ ಕಿವಿ. ಮನುಷ್ಯ ಅಲ್ಲ. ಆಮೇಲೆ ಕಿಂಗ್‌ಪಿನ್ ಬಂದ. ಅವನು ಸ್ಪೈಡರ್‌ಮ್ಯಾನ್ ಕಥೆಯ ದಢೂತಿ ರೌಡಿ. ಸೂಟು ಹಾಕಿ ಕೋಲು ಹಿಡಿದಿರುತ್ತಾನೆ. ಮಾಯ ಮಂತ್ರ ಏನೂ ಇಲ್ಲ. ಇವನಾದರೂ ಪಾಸಾಗುತ್ತಾನೆ ಅಂದುಕೊಂಡರೆ, ದೇಹ ತೀರಾ ದೊಡ್ಡದು, ತಲೆ ತೀರಾ ಚಿಕ್ಕದು, ಕೈ ತೀರಾ ದೊಡ್ಡದು, ಇವನೂ ಮನುಷ್ಯ ಅಲ್ಲ ಅಂತ ಬರೆದರು! ಆ ಲೆಕ್ಕ ಹಿಡಿದರೆ ನಮ್ಮ ಹಳೇ ಹೆಡ್ ಕ್ಲರ್ಕ್ ಒಬ್ಬರು ಆಟಿಕೆ ಬಾಬ್ತಿಗೇ ಹೋಗಬೇಕಿತ್ತು.

2003ರ ಜನವರಿಯಲ್ಲಿ ತೀರ್ಪು. ಕಂಪನಿ ಗೆದ್ದಿತು. ಅಭಿಮಾನಿಗಳಿಗೆ ಉರಿ ಹತ್ತಿತು. ಆಗ ಮಾರ್ವೆಲ್‌ನವರು ಒಂದು ಸಮಾಧಾನದ ಹೇಳಿಕೆ ಕೊಟ್ಟರು: ಗಾಬರಿ ಬೇಡ, ನಮ್ಮ ವೀರರು ಜೀವ ಇರುವ ಮನುಷ್ಯರೇ, ಆದರೆ ಅಸಾಮಾನ್ಯ ಶಕ್ತಿ ಇರುವವರು ಅಂತ. ಕೋರ್ಟಿನಲ್ಲಿ ಒಂದು ಮಾತು, ಬೀದಿಯಲ್ಲಿ ಒಂದು ಮಾತು. ಅಷ್ಟೊತ್ತಿಗೆ ಗೊಂಬೆ ಕಂಪನಿ, ಪುಸ್ತಕದ ಕಂಪನಿ ಎರಡೂ ಒಂದೇ ಆಗಿದ್ದವು. ಮಾರ್ವೆಲ್ 1996ರಲ್ಲಿ ದಿವಾಳಿ ಅರ್ಜಿ ಹಾಕಿತ್ತು. 1998ರಲ್ಲಿ ಟಾಯ್ ಬಿಜ್‌ನವರೇ ಅದನ್ನು ತೆಗೆದುಕೊಂಡರು. ನೋಡಿ, ಗೊಂಬೆ ಮುಂದೆ, ಕಥೆ ಹಿಂದೆ. ನಾನು ಸುಮ್ನೆ ಹೇಳುತ್ತೇನಾ?

ಗಾಜಿನ ಆಚೆಯಿಂದ ಕೈ ತೋರಿಸುತ್ತಿದ್ದಾರೆ. ಮೂರು ನಿಮಿಷ ಅಂತೆ. ಬ್ಯಾಟ್‌ಮ್ಯಾನ್ ಬಗ್ಗೆ ಎರಡು ಪುಟ ಬರೆದುಕೊಂಡು ಬಂದಿದ್ದೆ, ಹೋಗಲಿ ಬಿಡಿ. ಇಷ್ಟೇ ಹೇಳುತ್ತೇನೆ. 1992ರ ಬ್ಯಾಟ್‌ಮ್ಯಾನ್ ಸಿನಿಮಾದಲ್ಲಿ ಖಳನ ಬಾಯಿಂದ ಕಪ್ಪು ಲೋಳೆ ಸುರಿಯುತ್ತೆ. ಅದೇ ಸಿನಿಮಾದ ಆಟಿಕೆಯನ್ನು ಬರ್ಗರ್ ಜೊತೆ ಮಕ್ಕಳ ಕೈಗೆ ಕೊಟ್ಟಿದ್ದರು. ತಂದೆ ತಾಯಿ ಗಲಾಟೆ ಮಾಡಿದರು. ಮುಂದಿನ ಸಿನಿಮಾಕ್ಕೆ ನಿರ್ದೇಶಕರೇ ಬದಲು, ಬಣ್ಣವೂ ಬದಲು.

ಐರನ್ ಮ್ಯಾನ್ ಕಥೆ ಇನ್ನೂ ಚಿಕ್ಕದು. ಹೊಸ ಮಾರ್ವೆಲ್ ಸ್ವಂತವಾಗಿ ಸಿನಿಮಾ ಮಾಡಲು 52.5 ಕೋಟಿ ಡಾಲರ್ ಸಾಲದ ವ್ಯವಸ್ಥೆ ಮಾಡಿಕೊಂಡಿತು. ಯಾರನ್ನು ಹೀರೋ ಮಾಡೋಣ? ಮತ್ತೆ ಮಕ್ಕಳನ್ನೇ ಕೂರಿಸಿದರು. ಇಷ್ಟು ಜನರಲ್ಲಿ ಯಾರ ಗೊಂಬೆ ಜೊತೆ ಆಡುತ್ತೀರಿ ಅಂತ ಕೇಳಿದರು. ಯಾರ ಕಥೆ ಇಷ್ಟ ಅಂತ ಅಲ್ಲ, ಗಮನಿಸಿ! ಮಕ್ಕಳು ಐರನ್ ಮ್ಯಾನ್ ಕಡೆ ಬೆರಳು ತೋರಿಸಿದವು. 2008ರಲ್ಲಿ ಸಿನಿಮಾ ಬಂತು. ಮಾರನೇ ವರ್ಷವೇ ಡಿಸ್ನಿಯವರು ಸುಮಾರು 400 ಕೋಟಿ ಡಾಲರಿಗೆ ಇಡೀ ಕಂಪನಿ ಕೊಳ್ಳುವುದಾಗಿ ಹೇಳಿದರು. ಅದೇ ಐರನ್ ಮ್ಯಾನ್‌ನ 2013ರ ಮೂರನೇ ಸಿನಿಮಾದಲ್ಲಿ ಖಳ ಪಾತ್ರ ಮೊದಲು ಹೆಂಗಸಿನದಾಗಿತ್ತು. ಹೆಂಗಸಿನ ಗೊಂಬೆ ಅಷ್ಟು ಮಾರಾಟ ಆಗಲ್ಲ ಅಂತ ಮೇಲಿನಿಂದ ಚೀಟಿ ಬಂತು, ಪಾತ್ರ ಗಂಡಸಿನದಾಯಿತು. ಇದು ನನ್ನ ಮಾತಲ್ಲ, ನಿರ್ದೇಶಕ ಶೇನ್ ಬ್ಲ್ಯಾಕ್ ಅವರೇ ಹೇಳಿಕೊಂಡಿದ್ದಾರೆ.

ಕೊನೇದು, ಅರ್ಧ ನಿಮಿಷ. 2015ರ ಅವೆಂಜರ್ಸ್ ಸಿನಿಮಾದಲ್ಲಿ ಬ್ಲ್ಯಾಕ್ ವಿಡೋ ಅನ್ನುವ ಹೆಣ್ಣುಮಗಳು ವಿಮಾನದಿಂದ ಬೈಕ್ ಸಮೇತ ಕೆಳಗೆ ಹಾರುತ್ತಾಳೆ. ಥಿಯೇಟರಿನಲ್ಲಿ ನನ್ನ ಮೊಮ್ಮಗಳು ಸೀಟಿನ ಮೇಲೆ ಎದ್ದು ನಿಂತಿದ್ದಳು. ಅದೇ ವಿಮಾನ, ಅದೇ ಬೈಕ್ ಇರುವ ಆಟಿಕೆ ತಂದುಕೊಟ್ಟೆ. ಡಬ್ಬ ಬಿಚ್ಚಿದರೆ ಬೈಕ್ ಮೇಲೆ ಕೂತಿದ್ದವನು ಕ್ಯಾಪ್ಟನ್ ಅಮೆರಿಕ. ಮಗು ಡಬ್ಬ ತಲೆಕೆಳಗು ಮಾಡಿ ತಳ ತಟ್ಟಿದಳು. ಆಮೇಲೆ ಬಗ್ಗಿ ಮಂಚದ ಕೆಳಗೆ ನೋಡಿ ಕೇಳಿದಳು: "ಅಜ್ಜ, ಅವಳು ದಾರೀಲಿ ಬಿದ್ದುಹೋದ್ಲಾ?"

ಆಯ್ತಪ್ಪ, ಆಯ್ತು, ನಿಲ್ಲಿಸಿದೆ. ನಮಸ್ಕಾರ.