ಮುಳ್ಳು ತೆಗೆಯುವವರು

ಕೇಳುಗರಿಗೆ ನಮಸ್ಕಾರ.

ಒಂದು ರೇಡಿಯೋ ನಾಟಕ ಬರೆಯುತ್ತಿದ್ದೇನೆ. ಅದರಲ್ಲಿ ಒಂದು ಪಂಥ ಬರುತ್ತದೆ. ಪೂರ್ತಿ ಕಟ್ಟುಕತೆ, ಯಾರೂ ಹುಡುಕಿಕೊಂಡು ಹೋಗಬೇಡಿ. ನಮ್ಮ ಹೇಮಾವತಿ ಹಿನ್ನೀರಿನ ಪಕ್ಕ ಒಂದು ಗುಡ್ಡ. ಅಲ್ಲಿ ಏಳೆಂಟು ಜನ ಅನುಭಾವಿಗಳು. ಹೆಂಗಸರೂ ಇದ್ದಾರೆ, ಗಂಡಸರೂ ಇದ್ದಾರೆ. ಸುತ್ತಲಿನ ಊರಿನವರು ಅವರನ್ನು ಮುಳ್ಳು ತೆಗೆಯುವವರು ಅಂತ ಕರೆಯುತ್ತಾರೆ. ಕಾಲಿಗೆ ಚುಚ್ಚಿದ ಮುಳ್ಳಲ್ಲ. ಯಾವತ್ತೋ ಆದ ಅವಮಾನ, ಆಡದೇ ಉಳಿದ ಮಾತು, ಹಳೇ ಹೆದರಿಕೆ. ನಡೆದದ್ದು ಮುಗಿದು ಎಷ್ಟೋ ಕಾಲವಾದರೂ ಒಳಗೆ ಉಳಿದು ಚುಚ್ಚುತ್ತದೆ ಅಲ್ವಾ, ಆ ಮುಳ್ಳು.

ಇಂಥವರನ್ನು ಕಲ್ಪಿಸುವುದು ಕಷ್ಟವೇನಲ್ಲ. ಕಾವಿ ಉಡಿಸಿ, ಹಣೆ ಮೇಲೆ ಕೈ ಇಡಿಸಿ, "ಹೋಗಪ್ಪಾ, ವಾಸಿಯಾಯಿತು" ಅನ್ನಿಸಿಬಿಟ್ಟರೆ ಮುಗೀತು. ಅದು ನನಗೆ ಬೇಡವಾಗಿತ್ತು. ಅಂಥ ಅಂಗಡಿಗಳು ನಾಟಕದ ಹೊರಗೇ ಬೇಕಾದಷ್ಟಿವೆ.

ಹಾಗಾದರೆ ಇವರು ಏನು ಮಾಡುತ್ತಾರೆ? ದಾರಿ ಸಿಕ್ಕಿದ್ದು ಶ್ರವಣಬೆಳಗೊಳದ ಗೊಮ್ಮಟನಿಂದ.

ಕತೆ ನಿಮಗೆ ಗೊತ್ತಿರುವುದೇ. ಅಣ್ಣ ಭರತನಿಗೆ ತಮ್ಮ ಬಾಹುಬಲಿ ತಲೆಬಾಗಲಿಲ್ಲ. ಸೈನ್ಯ ಸಾಯುವುದು ಬೇಡ ಅಂತ ಇಬ್ಬರೇ ಸೆಣಸಿದರು. ದೃಷ್ಟಿಯುದ್ಧ, ಜಲಯುದ್ಧ, ಮಲ್ಲಯುದ್ಧ, ಮೂರರಲ್ಲೂ ತಮ್ಮನೇ ಗೆದ್ದ. ಸೋತ ಅಣ್ಣ ಚಕ್ರ ಬಿಟ್ಟ. ಅದು ತಮ್ಮನನ್ನು ಮುಟ್ಟಲಿಲ್ಲ. ಆದರೆ ಬಾಹುಬಲಿಗೆ ಎಲ್ಲದರ ಮೇಲೂ ಹೇಸಿಗೆ ಹುಟ್ಟಿತು. ಗೆದ್ದ ರಾಜ್ಯ ಬಿಟ್ಟು ಹೋಗಿ ತಪಸ್ಸಿಗೆ ನಿಂತ. ಒಂದು ವರ್ಷ ಅಲುಗಾಡಲಿಲ್ಲ. ಕಾಲ ಬಳಿ ಹುತ್ತ ಬೆಳೆಯಿತು, ಮೈಗೆ ಬಳ್ಳಿ ಹಬ್ಬಿತು. ಆದರೂ ಕೇವಲಜ್ಞಾನ, ಅಂದರೆ ಎಲ್ಲವನ್ನೂ ಅರಿಯುವ ಪೂರ್ಣ ಜ್ಞಾನ, ಬರಲಿಲ್ಲ. ಯಾಕೆ? ಎಲ್ಲ ಬಿಟ್ಟರೂ ನಾನು ನಿಂತಿರುವುದು ಅಣ್ಣನ ನೆಲದ ಮೇಲೆ ಅನ್ನುವ ಕೊರಗು ಒಳಗೆ ಉಳಿದಿತ್ತು ಅಂತ ನಮ್ಮ ಕಡೆ ಹೇಳುತ್ತಾರೆ. ಕೊನೆಗೆ ಭರತನೇ ಬಂದು ತಮ್ಮನಿಗೆ ಕೈಮುಗಿದ. ಆಮೇಲೇ ಅದು ಕರಗಿದ್ದು.

58 ಅಡಿಯ ಆ ಮೂರ್ತಿಯನ್ನು ಚಾವುಂಡರಾಯ ಮಾಡಿಸಿ ಸಾವಿರ ವರ್ಷ ದಾಟಿತು. ಬೆಟ್ಟ ಹತ್ತಿದವರೆಲ್ಲ ಮುಖ ನೋಡುತ್ತೇವೆ. 2018ರ ಮಹಾಮಸ್ತಕಾಭಿಷೇಕದಲ್ಲಂತೂ ಎಲ್ಲರ ಕಣ್ಣೂ ತಲೆಯ ಮೇಲೆಯೇ. ಕಾಲ ಹತ್ತಿರದ ಹುತ್ತವನ್ನು ನಿಂತು ನೋಡುವವರು ಕಡಿಮೆ. ನನ್ನ ಕಣ್ಣಿಗೆ ಕತೆಯ ಜೀವ ಇರುವುದು ಅಲ್ಲಿ. ಅಂಥ ತಪಸ್ವಿಗೂ ಒಂದು ವರ್ಷ ಒಬ್ಬನೇ ನಿಂತು ಕಿತ್ತುಕೊಳ್ಳಲಾಗದ ಮುಳ್ಳು, ಅಣ್ಣ ನಡೆದು ಬಂದಿದ್ದಕ್ಕೆ ಹೋಯಿತು!

ಹಾಗಾಗಿ ನನ್ನ ಪಂಥದವರು ಕಣ್ಣು ಮುಚ್ಚಿ ಕೂರುವುದು ಕಡಿಮೆ, ನಡೆಯುವುದು ಜಾಸ್ತಿ. ಯಾರಾದರೂ ನೋವು ಹೇಳಿಕೊಂಡು ಬಂದರೆ ಮೊದಲು ನಡೆದದ್ದನ್ನೆಲ್ಲ ಬಾಯಿ ಬಿಟ್ಟು ಹೇಳಿಸುತ್ತಾರೆ. ಅವತ್ತು ಮಳೆ ಇತ್ತಾ, ಒಲೆ ಮೇಲೆ ಏನಿತ್ತು, ಬಾಗಿಲಲ್ಲಿ ಯಾರು ನಿಂತಿದ್ದರು, ಎಲ್ಲ. ಬುದ್ಧಿ ಹೇಳುವುದಿಲ್ಲ. ಆಮೇಲೆ ಎದ್ದು ಚಪ್ಪಲಿ ಮೆಟ್ಟಿಕೊಂಡು ಆ ಇನ್ನೊಬ್ಬರನ್ನು ಕರೆತರಲು ಹೊರಡುತ್ತಾರೆ.

ಒಂದು ದೃಶ್ಯದಲ್ಲಿ ಪಂಥದ ಹಿರಿಯಮ್ಮ ಅರಕಲಗೂಡು ಕಡೆಯ ಒಂದು ಮನೆಗೆ ಹೋಗುತ್ತಾಳೆ.

"ನಿನ್ನ ತಮ್ಮ ಕಳಿಸಿದ್ದಾನಪ್ಪಾ."

"ಇನ್ನೂ ಭಾಗ ಬೇಕಂತಾ?"

"ಭಾಗದ ಮಾತೇ ಎತ್ತಲಿಲ್ಲ. ಅಪ್ಪನ ತಿಥಿಗೆ ನನ್ನ ಯಾಕೆ ಕರೀಲಿಲ್ಲ, ಅದೊಂದು ಕೇಳ್ಕೊಂಡು ಬಾ ಅಂದ."

ಅಣ್ಣನ ಕಡೆಯಿಂದ ತುಂಬಾ ಹೊತ್ತು ಮಾತಿಲ್ಲ. ರೇಡಿಯೋದಲ್ಲಿ ಮೌನ ಕಷ್ಟ ಸ್ವಾಮಿ. ಕೇಳುಗರು ಸ್ಟೇಷನ್ ಹೋಯ್ತು ಅಂದುಕೊಳ್ಳುತ್ತಾರೆ. ಅದಕ್ಕೇ ಹಿಂದೆ ಒಂದು ಕರು ಕೂಗಿಸಿದ್ದೇನೆ.

ಎಲ್ಲ ಹೇಳಿಸುವ ಪದ್ಧತಿ ಯಾಕೆ ಇಟ್ಟೆ ಅಂದರೆ ಅದಕ್ಕೂ ಒಂದು ಕಾರಣ ಇದೆ. 2000ದಲ್ಲಿ ಮಿದುಳು ವಿಜ್ಞಾನಿ ಕರೀಮ್ ನಾಡರ್ ಮತ್ತು ಜೊತೆಗಾರರು ಇಲಿಗಳ ಮೇಲೆ ಒಂದು ಪ್ರಯೋಗ ಮಾಡಿದರು. ಒಂದು ಸದ್ದು ಕೇಳಿಸಿ, ಜೊತೆಗೆ ಸಣ್ಣ ಶಾಕ್ ಕೊಟ್ಟು ಹೆದರಿಕೆ ಕಲಿಸಿದ್ದರು. ಆಮೇಲೆ ಅದೇ ಸದ್ದಿನಿಂದ ನೆನಪು ಕೆದಕಿ, ಮಿದುಳಿಗೆ ಒಂದು ಔಷಧಿ ಹಾಕಿದಾಗ ಹೆದರಿಕೆ ಇಳಿಯಿತು. ಕೆದಕದೇ ಹಾಕಿದಾಗ ಇಳಿಯಲಿಲ್ಲ. ಅಂದರೆ ಹಳೇ ನೆನಪು ಮೇಲೆ ಬಂದಾಗ ಸ್ವಲ್ಪ ಹೊತ್ತು ಮೆತ್ತಗಾಗುತ್ತದೆ. ಇಲಿಗೆ ಆಗಿದ್ದು ಮನುಷ್ಯರಿಗೂ ಹಾಗೇ ಆಗುತ್ತದೆ ಅಂತ ನಾನು ಹೇಳುತ್ತಿಲ್ಲ. ನಾಟಕಕ್ಕೆ ಅಷ್ಟು ಸಾಕಾಯಿತು.

ಒಂದು ವಿಷಯ ಮಾತ್ರ ನಾಟಕ ಅಂತ ಬಿಡುವ ಹಾಗಿಲ್ಲ. ಹೊಡೆದವರನ್ನು, ಮೈಮೇಲೆ ಕೈ ಮಾಡಿದವರನ್ನು ನನ್ನ ಪಂಥ ಎಂದೂ ಎದುರಿಗೆ ಕರೆತರುವುದಿಲ್ಲ. ಅಂಥ ನೋವು ಹೊತ್ತು ಬಂದವರನ್ನು ಕೈ ಹಿಡಿದು ಡಾಕ್ಟರ ಹತ್ತಿರ ಕರೆದುಕೊಂಡು ಹೋಗುತ್ತಾರೆ. ಕೇಳುತ್ತಿರುವವರಲ್ಲಿ ಯಾರಿಗಾದರೂ ಬೇಕಾದರೆ ಸರ್ಕಾರದ ಟೆಲಿ ಮಾನಸ್ ಸಹಾಯವಾಣಿ ಇದೆ, 14416. ಕನ್ನಡದಲ್ಲೇ ಮಾತಾಡಬಹುದು.

ಇನ್ನು ನನ್ನನ್ನು ಸತಾಯಿಸುತ್ತಿರುವ ಪಾತ್ರ. ಒಬ್ಬ ಅಜ್ಜಿ. ಗೊರೂರು ಅಣೆಕಟ್ಟು ಎದ್ದಾಗ ಮುಳುಗಿದ ಊರುಗಳಲ್ಲಿ ಒಂದು ಅವಳದು. ಶೆಟ್ಟಿಹಳ್ಳಿಯ ಹಳೇ ಚರ್ಚು ನೀವು ನೋಡಿರುತ್ತೀರಿ. ಮಳೆಗಾಲದಲ್ಲಿ ಅರ್ಧ ನೀರೊಳಗೆ, ಬೇಸಿಗೆಯಲ್ಲಿ ಹೊರಗೆ. ಚರ್ಚಿಗೆ ಗೋಡೆಯಾದರೂ ಉಳಿದಿದೆ. ಅಜ್ಜಿಯ ಮನೆಗೆ ಅದೂ ಇಲ್ಲ. ಮಣ್ಣಿನ ಗೋಡೆ, ನೀರು ಬಂದ ಮೊದಲ ವರ್ಷವೇ ಕರಗಿತು.

ಪಂಥದವರು ಅವಳ ಕತೆಯನ್ನೂ ಕೂರಿಸಿಕೊಂಡು ಕೇಳುತ್ತಾರೆ. ಹಟ್ಟಿ ಎಲ್ಲಿತ್ತು, ಹೊಂಗೆಮರ ಎಲ್ಲಿತ್ತು, ಎಲ್ಲ ಹೇಳುತ್ತಾಳೆ. ಕೊನೆಗೆ ಹಿರಿಯಮ್ಮ ವಾಡಿಕೆಯಂತೆ, "ಯಾರನ್ನ ಕರ್ಕೊಂಡು ಬರ್ಲಿ ತಾಯಿ?" ಅನ್ನುತ್ತಾಳೆ.

"ನಮ್ಮೂರು ಮುಳುಗಿಸಿದೋರನ್ನ ಕರ್ಕೊಂಡು ಬಾ. ನಿಂತ್ಕೊಂಡು ಒಂದು ಮಾತು ಆಡ್ಲಿ, ಸಾಕು."

ಅಣೆಕಟ್ಟಿನಿಂದ ಕೆಳಗೆ ಎಷ್ಟೋ ಊರಿನ ಗದ್ದೆಗೆ ನೀರು ಹೋಗಿದೆ. ಅದು ಅಜ್ಜಿಗೂ ಗೊತ್ತು. ನೀರಿನ ಮೇಲೆ ಅವಳಿಗೆ ಸಿಟ್ಟಿಲ್ಲ. ಅವತ್ತು ಮನೆ ಬಾಗಿಲಿಗೆ ಬಂದು ಹೇಳಿ ಹೋಗಲು ಒಬ್ಬರೂ ಬರಲಿಲ್ಲ, ಬರೀ ಒಂದು ಚೀಟಿ ಬಂತು. ಅವಳ ಮುಳ್ಳು ಅದು.

ಭರತ ಒಬ್ಬ ಮನುಷ್ಯ, ನಡೆದು ಬಂದ. ಇಲ್ಲಿ ಯಾರು ನಡೆದು ಬರಬೇಕು? ನಾನು ಪಂಥದವರನ್ನು ಕೈಬಿಡಲಿಲ್ಲ. ಬಸ್ಸು ಹತ್ತಿಸಿ ಹಾಸನಕ್ಕೆ, ಒಂದು ಕಚೇರಿಗೆ ಕಳಿಸಿದ್ದೇನೆ. ಈಗ ಅವರು ಅಲ್ಲಿ ಬೆಂಚಿನ ಮೇಲೆ ಸಾಲಾಗಿ ಕೂತಿದ್ದಾರೆ. ಗುಮಾಸ್ತರು ಕನ್ನಡಕ ಮೇಲೆತ್ತಿ ಕೇಳುತ್ತಿದ್ದಾರೆ, "ಅರ್ಜಿ ತಂದಿದ್ದೀರಾ? ಸರ್ವೆ ನಂಬರ್ ಎಷ್ಟು?"

ನಾಟಕ ಅಲ್ಲಿಗೆ ಬಂದು ನಿಂತಿದೆ. ನಮಸ್ಕಾರ.