ಬೀದಿಯ ಟಿವಿ ಮುಂದೆ ನೆರೆದ ಜಪಾನ್

ಕೇಳುಗರಿಗೆ ನಮಸ್ಕಾರ. ಜಪಾನಿನ ವೃತ್ತಿಪರ ಕುಸ್ತಿಯ ಮಾತೆತ್ತಿದರೆ ಸಾಕು, "ಅದೆಲ್ಲ ಮೊದಲೇ ಮಾತಾಡಿಕೊಂಡ ಆಟ ತಾನೇ?" ಎನ್ನುತ್ತಾರೆ. ಹೌದು, ಗೆಲ್ಲುವವರು ಯಾರೆಂದು ಮೊದಲೇ ಗೊತ್ತುಮಾಡಿಕೊಳ್ಳುತ್ತಿದ್ದರು. ಅಷ್ಟಕ್ಕೇ ಕೈತೊಳೆದುಕೊಂಡರೆ ನಮಗೆ ಏನೂ ತಿಳಿಯುವುದಿಲ್ಲ. ದಯವಿಟ್ಟು ಜಟ್ಟಿಗಳನ್ನು ಸ್ವಲ್ಪ ಹೊತ್ತು ಬಿಡಿ, ನೋಡಲು ನೆರೆದ ಜನರ ಕಡೆ ತಿರುಗಿ.

1954ರ ಫೆಬ್ರವರಿ 19. ಟೋಕಿಯೊದ ಶಿಂಬಾಶಿ ರೈಲು ನಿಲ್ದಾಣದ ಎದುರಿನ ಬಯಲು. ಯುದ್ಧದಲ್ಲಿ ಸೋತು ಒಂಬತ್ತು ವರ್ಷ ತುಂಬಿಲ್ಲ. ಅಮೆರಿಕದ ಸೇನೆಯ ಆಡಳಿತ ಮುಗಿದು ಎರಡು ವರ್ಷವೂ ಆಗಿಲ್ಲ. ಟಿವಿ ಕೊಳ್ಳುವ ಶಕ್ತಿ ಸಾಮಾನ್ಯರಿಗೆಲ್ಲಿ ಬರಬೇಕು? ಅದಕ್ಕೇ ನಿಪ್ಪಾನ್ ಟೆಲಿವಿಷನ್ ಕಟ್ಟಿದ ಶೋರಿಕಿ ಮಾತ್ಸುತಾರೊ ಬೀದಿಗಳಲ್ಲೇ ಟಿವಿ ಇರಿಸಿದ್ದರು. ಎಷ್ಟು ಜನ ನೋಡುತ್ತಾರೆ ಎಂದು ಜಾಹೀರಾತು ಕೊಡುವವರಿಗೆ ತೋರಿಸಬೇಕಿತ್ತಲ್ಲ!

ಆ ಸಂಜೆ ಬಯಲಲ್ಲಿ ಕಾಲಿಡಲು ಜಾಗವಿಲ್ಲ. ಪುಟ್ಟ ಪರದೆಯ ಮೇಲೆ, ಕುರಾಮಾಯೆಯ ಸುಮೊ ಭವನದಿಂದ ನೇರ ಪ್ರಸಾರ. ಒಂದು ಕಡೆ ಬೆನ್ ಮತ್ತು ಮೈಕ್ ಶಾರ್ಪ್, ಆಜಾನುಬಾಹು ಸಹೋದರರು. ಎದುರಿಗೆ ಜೂಡೊ ಪಟು ಕಿಮುರಾ ಮಸಾಹಿಕೊ, ಜೊತೆಗೆ ಸುಮೊ ಬಿಟ್ಟು ಬಂದಿದ್ದ ರಿಕಿಡೋಜಾನ್. ಕಿಮುರಾ ಪೆಟ್ಟು ತಿನ್ನುತ್ತಲೇ ಇದ್ದ. ಆಗ ರಿಕಿಡೋಜಾನ್ ನುಗ್ಗಿ ಬಂದ. ಅಂಗೈಯ ಅಂಚಿನಿಂದ ಎದೆಗೆ ಒಂದು ಬಾರಿಸಿದ, ಇನ್ನೊಂದು, ಮತ್ತೊಂದು! ಆ ದೈತ್ಯರು ಹಿಂದೆ ಹಿಂದೆ ಸರಿದರು. ಬಯಲಿಗೆ ಬಯಲೇ ಹೋ ಎಂದು ಕೂಗಿತು. ನಮ್ಮವನೊಬ್ಬ ಅಮೆರಿಕದವನನ್ನು ಎಲ್ಲರೆದುರು ಹೊಡೆಯುತ್ತಿದ್ದಾನೆ ಎಂದೇ ಜನರಿಗೆ ಕಂಡಿತು. ಕುಸ್ತಿಯ ಫಲಿತಾಂಶ ಗೊತ್ತುಮಾಡಿದ್ದಿರಬಹುದು, ಬಯಲಿನ ಆ ಕೂಗನ್ನು ಯಾರೂ ಬರೆದುಕೊಟ್ಟಿರಲಿಲ್ಲ. ಮತ್ತೆ ಹೇಳುತ್ತೇನೆ, ಜನರನ್ನು ನೋಡಿ.

ನಿಜ ಹೇಳಬೇಕೆಂದರೆ ಶಾರ್ಪ್ ಸಹೋದರರು ಕೆನಡಾದವರು. ರಿಕಿಡೋಜಾನ್ ಹುಟ್ಟಿದ್ದು ಕೊರಿಯಾದಲ್ಲಿ. ಹುಟ್ಟುಹೆಸರು ಕಿಮ್ ಸಿನ್ ರಾಕ್. ಅಭಿಮಾನಿಗಳಿಂದ ಅದನ್ನು ಮುಚ್ಚಿಟ್ಟಿದ್ದರು. ಕೊರಿಯನ್ನರನ್ನು ಕೀಳಾಗಿ ಕಾಣುತ್ತಿದ್ದ ನಾಡು ಕೊರಿಯಾದ ಮಗನನ್ನೇ ತನ್ನ ವೀರನೆಂದು ಮೆರೆಸಿತು. ನನ್ನನ್ನು ಹೆಚ್ಚು ಕಲಕುವುದು ಇದೇ. ಇದರ ಬಗ್ಗೆ ಇನ್ನಷ್ಟು ಹೇಳಬೇಕಿತ್ತು, ಸಮಯ ಓಡುತ್ತಿದೆ.

ಒಂದೆರಡು ಮಾತು ಬೇಗ ಹೇಳಿಬಿಡುತ್ತೇನೆ. 1963ರ ಮೇ ತಿಂಗಳಲ್ಲಿ ಮುಸುಕುಧಾರಿ ಡೆಸ್ಟ್ರಾಯರ್ ಜೊತೆ ರಿಕಿಡೋಜಾನ್ ಸೆಣಸಿದಾಗ ವೀಕ್ಷಕರ ಪ್ರಮಾಣ ಶೇಕಡಾ 64. ಆ ಹೊತ್ತಿಗೆ ಟಿವಿ ಮನೆಮನೆಗೂ ಬರತೊಡಗಿತ್ತು. ಅದೇ ಡಿಸೆಂಬರಿನಲ್ಲಿ ಟೋಕಿಯೊದ ನೈಟ್‌ಕ್ಲಬ್ಬೊಂದರಲ್ಲಿ ರಿಕಿಡೋಜಾನ್‌ಗೆ ಚೂರಿ ಇರಿತವಾಯಿತು, ವಾರದಲ್ಲಿ ತೀರಿಕೊಂಡ. ಶಿಷ್ಯರಾದ ಜೈಂಟ್ ಬಾಬಾ ಮತ್ತು ಆಂಟೋನಿಯೊ ಇನೊಕಿ 1972ರಲ್ಲಿ ತಮ್ಮ ತಮ್ಮ ಸಂಸ್ಥೆ ಕಟ್ಟಿ ಕುಸ್ತಿಯನ್ನು ಮುಂದುವರಿಸಿದರು. ನಮಸ್ಕಾರ.